ನ್ಯೂ ಫೋಲ್ಡರ್ ಮೂರರಲ್ಲಿ ಅಕ್ಕನ ಆಟ

ಮೌಸಿನ ಬಲಗುಂಡಿಯ ಮೇಲೆ ಬೂಸಾದ ಒಂದು ಚೂರು ಅಂಟಿಕೊಂಡಿತ್ತು. ಎಡಗುಂಡಿಯ ಮೇಲೆ ಏನೂ ಇರಲಿಲ್ಲ. ಉಗುರಿನಿಂದ ಕೆರೆದು ತೆಗೆದು ಕಂಪ್ಯೂಟರ್ ಮುಂದೆ ಕೂತೆ. ಅದರ ಅರ್ಥವೇನೆಂದು ಆಗ ಯೋಚಿಸಲಿಲ್ಲ.

ಅಂದು ಶನಿವಾರ. ರಾಬರ್ಟ್‌ಸನ್‌ಪೇಟೆಯ ಒಂದು ಕಾಲೇಜಿನ ಗ್ರಂಥಾಲಯದಲ್ಲಿ ನನ್ನ ಕೆಲಸ. ಅರ್ಧ ದಿನ ಮುಗಿಸಿ, ಊರಿಗಾಂನಲ್ಲಿ ರೈಲು ಹತ್ತಿ ಬಂಗಾರಪೇಟೆಯ ಕಡೆಗಿರುವ ನಮ್ಮ ಹಳ್ಳಿಗೆ ಬೇಗ ಬಂದಿದ್ದೆ. ಬೇಗ ಬರಲು ಕಾರಣವಿತ್ತು. ಬಾಣಂತನಕ್ಕೆಂದು ತವರಿಗೆ ಬಂದಿದ್ದ ಅಕ್ಕ ಮರುದಿನ ಬೆಳಿಗ್ಗೆ ಮಗುವನ್ನು ಎತ್ತಿಕೊಂಡು ಗಂಡನ ಮನೆಗೆ ಹೊರಡುವವಳಿದ್ದಳು. ನಾವಿಬ್ಬರೂ ಕಾದಿದ್ದ ಆಟ ತೆರೆದುಕೊಳ್ಳುವುದು ಅದೇ ಸಂಜೆ. ನಮಗೆ ಇದ್ದದ್ದು ಆ ಒಂದು ಸಂಜೆ ಮಾತ್ರ.

ಅಕ್ಕನ ಗಂಡನ ಮನೆ ದೂರವೇನಲ್ಲ, ಊರಿಗಾಂ ಪಕ್ಕದ ಫ್ಯಾಕ್ಟರಿ ಕ್ವಾರ್ಟರ್ಸ್. ಭಾವ ಒಳ್ಳೆಯವರು. ಆದರೆ ಅತ್ತೆ, ಮಾವ, ಮೈದುನನ ಸಂಸಾರ ಎಲ್ಲ ಒಂದೇ ಅಡುಗೆಮನೆಯ ಸುತ್ತ ಇರುವ ಆ ಮನೆಯಲ್ಲಿ ಸೊಸೆಯೊಬ್ಬಳು ಕಾಲು ಮಡಚಿ ಕೂತು ವಿಡಿಯೊ ಗೇಮ್ ಆಡುವ ಚಿತ್ರ ಯಾರ ಕಣ್ಣಿಗೂ ಹಿಡಿಸುವಂಥದ್ದಲ್ಲ. ಅಕ್ಕನೇ ಹೇಳಿದ್ದಳು: "ಇಲ್ಲಾದ್ರೆ ಆಡ್ತೀನಿ. ಅಲ್ಲಿಗೆ ಓದ್ಮೇಲೆ ನಾನು ಬೇರೆಯೋಳು ಕಣೇ."

ಆಟ ಇಬ್ಬರಿಗಾಗಿ ಮಾಡಿದ್ದು. ಒಬ್ಬರು ಬಂಡೆ ಹತ್ತಬೇಕು, ಇನ್ನೊಬ್ಬರು ಕೆಳಗೆ ನಿಂತು ಹಗ್ಗ ಹಿಡಿಯಬೇಕು. ಮೊದಲ ಭಾಗವನ್ನು ಅಕ್ಕನ ಮದುವೆಗೆ ಮುಂಚೆ ಮುಗಿಸಿದ್ದೆವು. ಕೊನೆಯಲ್ಲಿ ಇಬ್ಬರೂ ಬೆಟ್ಟದ ತುದಿ ಮುಟ್ಟಿ ಒಂದು ಮುಚ್ಚಿದ ಬಾಗಿಲ ಮುಂದೆ ನಿಲ್ಲುತ್ತಾರೆ. ಆಟ ಅಲ್ಲಿಗೆ ನಿಂತುಬಿಡುತ್ತದೆ. ಬಾಗಿಲ ಹಿಂದೆ ಏನಿರಬಹುದೆಂದು ಅಕ್ಕ ಅರಿಶಿನ ಹಚ್ಚಿಸಿಕೊಳ್ಳುತ್ತಿದ್ದಾಗಲೂ ನನ್ನ ಕಿವಿಯಲ್ಲಿ ಊಹೆ ಹೇಳಿದ್ದಳು. ಎರಡನೆಯ ಭಾಗ ಬರುವಷ್ಟರಲ್ಲಿ ಅವಳಿಗೆ ಮಗಳು ಹುಟ್ಟಿದ್ದಳು.

ಇಂಥ ದೊಡ್ಡ ಆಟಗಳ ಫೈಲುಗಳನ್ನು ಬಿಡುಗಡೆಗೆ ಕೆಲವು ದಿನ ಮುಂಚೆಯೇ ಇಳಿಸಿಕೊಳ್ಳಲು ಬಿಡುತ್ತಾರೆ. ಬೀಗ ಹಾಕಿದ ಪೆಟ್ಟಿಗೆ ಮೊದಲೇ ಮನೆಗೆ ಬಂದು ಕೂತಿರುತ್ತದೆ, ಬೀಗದ ಕೈ ಮಾತ್ರ ಆ ದಿನ ಬರುತ್ತದೆ. ಪೆಟ್ಟಿಗೆ ಎಪ್ಪತ್ತು ಜಿ.ಬಿ. ದಾಟಿತ್ತು. ನಮ್ಮ ಹಳ್ಳಿಯಲ್ಲಿ ಮೊಬೈಲ್ ನೆಟ್‌ವರ್ಕ್ ಹಿಡಿಯಬೇಕಾದರೆ ಫೋನನ್ನು ಕಿಟಕಿ ಸರಳಿಗೆ ಕಟ್ಟಬೇಕು. ಹಾಗಾಗಿ ನಾನು ಕಂಪ್ಯೂಟರಿನ ಸಿ.ಪಿ.ಯು. ಪೆಟ್ಟಿಗೆಯನ್ನೇ ಹಳೆಯ ದುಪ್ಪಟಿಯಲ್ಲಿ ಸುತ್ತಿ, ಬಸ್ಸಿನಲ್ಲಿ ತೊಡೆಯ ಮೇಲಿಟ್ಟುಕೊಂಡು, ಬಂಗಾರಪೇಟೆಯ ಚಿಕ್ಕಮ್ಮನ ಮನೆಗೆ ಒಯ್ದಿದ್ದೆ. ಅಲ್ಲಿ ಫೈಬರ್ ಕನೆಕ್ಷನ್ ಇದೆ. "ಏನಮ್ಮಾ, ಕೋಳಿನಾ?" ಎಂದು ಕಂಡಕ್ಟರ್ ಕೇಳಿದ್ದ. "ಗೇಮು" ಅಂದೆ. ಅವನು ಟಿಕೆಟ್ ಹರಿದುಕೊಟ್ಟು ಮುಂದಿನ ಸೀಟಿಗೆ ಹೋದ. ಫೈಲು ಪೂರ್ತಿ ಇಳಿದ ಮೇಲೆ ಮತ್ತೆ ಅದೇ ದುಪ್ಪಟಿಯಲ್ಲಿ ಸುತ್ತಿ ಮನೆಗೆ ತಂದಿದ್ದೆ.

ಕಂಪ್ಯೂಟರ್ ಆನ್ ಆಯಿತು. ಆಟಗಳ ಪಟ್ಟಿ ತೆರೆದೆ. "ಸಿದ್ಧವಾಗಿದೆ" ಎಂದು ಇರಬೇಕಾದ ಕಡೆ ನೀಲಿ ಬಣ್ಣದಲ್ಲಿ "ಇನ್‌ಸ್ಟಾಲ್" ಎಂದಿತ್ತು. ಅಂದರೆ ಅದರ ಲೆಕ್ಕದಲ್ಲಿ ನಮ್ಮ ಮನೆಯಲ್ಲಿ ಅಂಥ ಫೈಲೇ ಇಲ್ಲ. ಎಲ್ಲವನ್ನೂ ಮೊದಲಿನಿಂದ ಇಳಿಸಿಕೊಳ್ಳಬೇಕು.

ಅಕ್ಕ ಮಗುವಿಗೆ ಹಾಲು ಕುಡಿಸುತ್ತಾ ಬಾಗಿಲಿಗೆ ಬಂದಳು. "ಆಯ್ತೇನೇ? ಸೀಕ್ರಂ, ಸೀಕ್ರಂ."

"ಊರಿಗಾಂ ತಮಿಳು ಬಂದ್ಬಿಡ್ತು ಬಾಯಿಗೆ" ಎಂದಳು ಹಾಲ್‌ನಲ್ಲಿದ್ದ ಅಮ್ಮ. ಅವಳು ಅಕ್ಕನ ಸಾಮಾನು ಜೋಡಿಸುತ್ತಿದ್ದಳು. ಮಗಳು ಹೊರಡುವ ಹಿಂದಿನ ದಿನವೇ ಅವಳದ್ದೆಲ್ಲವನ್ನೂ ಒಂದು ಕಡೆ ಸೇರಿಸುವುದು ನಮ್ಮ ಮನೆಯ ರೂಢಿ. ಏನನ್ನೂ ಮರೆಯಬಾರದು, ಮರೆತದ್ದಕ್ಕಾಗಿ ಅರ್ಧ ದಾರಿಯಿಂದ ವಾಪಸ್ಸು ಬರಬಾರದು. ಚಾಪೆಯ ಮೇಲೆ ಮಗುವಿನ ಟೋಪಿಗಳು, ರಾಗಿ ಸರಿಯ ಡಬ್ಬ, ಲೇಹ್ಯದ ಶೀಶೆ ಗುಡ್ಡೆಯಾಗಿದ್ದವು.

"ಇನ್ನೂ ಸ್ವಲ್ಪ" ಎಂದೆ ಅಕ್ಕನಿಗೆ. ನನ್ನ ಮುಖದಲ್ಲಿ ಏನೂ ಕಾಣದ ಹಾಗೆ ಹೇಳಿದೆನೆಂದು ಇವತ್ತಿಗೂ ನನಗೆ ಹೆಮ್ಮೆ.

ಆ ನೀಲಿ ಗುಂಡಿ ಒತ್ತಲಿಲ್ಲ. ಫೈಲುಗಳು ಇರಬೇಕಾದ ಜಾಗ ನೋಡಿದೆ. ಡಿ ಡ್ರೈವಿನಲ್ಲಿ ಆಟಗಳಿಗೆಂದೇ ಮಾಡಿದ್ದ ಫೋಲ್ಡರ್ ಇತ್ತು, ಒಳಗೆ ನಮ್ಮ ಆಟ ಇರಲಿಲ್ಲ. ಕಸದ ಬುಟ್ಟಿ ತೆರೆದೆ, ಅದು ಖಾಲಿ. ಆಮೇಲೆ ಡ್ರೈವಿನಲ್ಲಿ ಎಷ್ಟು ಜಾಗ ಉಳಿದಿದೆ ಎಂದು ನೋಡಿದೆ. ಬಂಗಾರಪೇಟೆಯಿಂದ ತಂದ ದಿನ ಎಷ್ಟಿತ್ತೋ ಹೆಚ್ಚುಕಡಿಮೆ ಅಷ್ಟೇ ಇತ್ತು. ಆಟ ಅಳಿಸಿಹೋಗಿದ್ದರೆ ಅಷ್ಟೂ ಜಾಗ ತೆರವಾಗಿರಬೇಕಿತ್ತು. ಆಗಿಲ್ಲ. ಅಂದಮೇಲೆ ಅದು ಇದೇ ಡ್ರೈವಿನಲ್ಲಿ ಎಲ್ಲೋ ಕೂತಿದೆ.

ಪುಸ್ತಕ ಕಳೆದುಹೋಯಿತೆಂದು ವಿದ್ಯಾರ್ಥಿಗಳು ಓಡಿ ಬಂದಾಗ ನಾನು ಮೊದಲು ಹುಡುಕುವುದು ಪಕ್ಕದ ಕಪಾಟನ್ನು. ಬಹುತೇಕ ಪುಸ್ತಕಗಳು ಕಳೆದಿರುವುದಿಲ್ಲ, ಯಾರೋ ಬೇರೆ ಕಡೆ ಇಟ್ಟಿರುತ್ತಾರೆ. ಹೆಸರಿನಿಂದ ಹುಡುಕುವ ಬದಲು ಗಾತ್ರದಿಂದ ಹುಡುಕಿದೆ. ಇಡೀ ಡ್ರೈವಿನಲ್ಲಿ ತುಂಬ ದೊಡ್ಡ ಫೈಲುಗಳನ್ನು ಮಾತ್ರ ತೋರಿಸು ಎಂದೆ. ಹಸಿರು ಗೆರೆ ನಿಧಾನವಾಗಿ ಬಲಕ್ಕೆ ಸರಿಯಿತು. ಒಂದಾದ ಮೇಲೊಂದು ಬರತೊಡಗಿದವು. ಎಲ್ಲದರ ವಿಳಾಸವೂ ಒಂದೇ: ನ್ಯೂ ಫೋಲ್ಡರ್, ಕಂಸದಲ್ಲಿ ಮೂರು.

ತೆರೆದೆ. ಆಟದ ಫೋಲ್ಡರ್ ಒಂದು ಅಕ್ಷರವೂ ಬದಲಾಗದೆ ಅಲ್ಲಿತ್ತು. ಅದರ ಜೊತೆಗೆ ಅಕ್ಕನ ಎಸ್ಸೆಸ್ಸೆಲ್ಸಿ ಅಂಕಪಟ್ಟಿಯ ಸ್ಕ್ಯಾನ್, ಸೀಮಂತದ ಫೋಟೊಗಳು, ಮಗುವಿನ ಚುಚ್ಚುಮದ್ದಿನ ಕಾರ್ಡಿನ ಚಿತ್ರ, ಮತ್ತು ಹೈಸ್ಕೂಲಿನಲ್ಲಿ ಖೋಖೋ ಆಡುವಾಗ ಯಾರೋ ತೆಗೆದಿದ್ದ, ಮುಖ ಸರಿಯಾಗಿ ಕಾಣದ ಒಂದು ಫೋಟೊ. ಆಗ ನನಗೆ ಬೂಸಾದ ಚೂರು ನೆನಪಾಯಿತು. ಬಲಗುಂಡಿ ಒತ್ತಿ ಕಟ್ ಮಾಡುವುದನ್ನು, ಬೇರೆ ಕಡೆ ಹೋಗಿ ಪೇಸ್ಟ್ ಮಾಡುವುದನ್ನು ಅಪ್ಪನಿಗೆ ಕಲಿಸಿದವಳು ನಾನೇ. ಹೆಸರು ಬದಲಿಸುವುದನ್ನು ಇನ್ನೂ ಕಲಿಸಿರಲಿಲ್ಲ.

ಅಪ್ಪ ಕೊಟ್ಟಿಗೆಯಲ್ಲಿದ್ದ. ಕರೆದೆ. ಕೈ ಒರೆಸಿಕೊಳ್ಳುತ್ತಾ ಬಂದ.

"ಅಪ್ಪಾ, ಅಕ್ಕನ ಫೈಲೆಲ್ಲ ನೀನು ಎತ್ತಿಟ್ಟಿದ್ದಾ?"

ಅಪ್ಪನ ಮುಖ ಅರಳಿತು. "ಊಂ ಕಣಮ್ಮಾ. ನಿಮ್ಮಮ್ಮ ಚಾಪೆ ಮ್ಯಾಲೆ ಎಲ್ಲ ಇಕ್ತಾವಳೆ, ಇದ್ರೊಳಗಿರೋದನ್ನ ಯಾರು ಕೊಡ್ತಾರೆ? ಅದ್ಕೇ ಒಂದ್ಕಡೆ ಸೇರಿಸ್ದೆ. ಒಂದೂ ಬಿಟ್ಟಿಲ್ಲ."

"ಆಟಾನೂ?"

"ಅಕ್ಕನ ಆಟ, ಅಕ್ಕನ ಆಟ ಅಂತ ನೀನೇ ಅಂತಿರ್ಲಿಲ್ವಾ? ಅವಳದ್ದು ಅವಳ್ಗೆ ಓಗ್ಬೇಕಲ್ವಾ?" ನನ್ನ ಮುಖ ನೋಡಿ ಅವನ ದನಿ ಇಳಿಯಿತು. "ಕೆಟ್ಟೋಯ್ತಾ?"

"ಇಲ್ಲಪ್ಪಾ. ಒಂದೂ ಬಿಡದಂಗೆ ಎತ್ತಿದ್ದೀಯ. ಅರ್ಧ ಎತ್ತಿದ್ರೆ ಕೆಡ್ತಿತ್ತು." ನಾನು ಸಮಾಧಾನಕ್ಕೆ ಹೇಳಿದ್ದಲ್ಲ, ಅದು ನಿಜ. ಒಂದು ತುಂಡು ಉಳಿದಿದ್ದರೂ ಆ ಸಂಜೆ ಮುಗಿದಂತೆಯೇ.

ಆಟದ ಫೋಲ್ಡರನ್ನಷ್ಟೇ ಕಟ್ ಮಾಡಿ ಅದರ ಹಳೆಯ ಜಾಗಕ್ಕೆ ತಂದಿಟ್ಟೆ. ಅಕ್ಕನ ಉಳಿದದ್ದನ್ನು ಅಪ್ಪ ಇಟ್ಟಲ್ಲೇ ಬಿಟ್ಟೆ. ಈಗ ನೀಲಿ ಗುಂಡಿ ಒತ್ತಲೇಬೇಕಿತ್ತು. ಜಾಗ ಸರಿಯಾಗಿ ತೋರಿಸಿದರೆ, ಇರುವ ಫೈಲುಗಳನ್ನು ಅದು ಗುರುತಿಸುತ್ತದೆ. ತಪ್ಪಿದರೆ ಮೊದಲಿನಿಂದ ಇಳಿಸಲು ಶುರುಮಾಡುತ್ತದೆ. ಅಕ್ಕ ನನ್ನ ಹಿಂದೆ ನಿಂತಿದ್ದಳು. ಅಷ್ಟರಲ್ಲಿ ಅವಳಿಗೆ ವಿಷಯ ಅರ್ಥವಾಗಿತ್ತು.

"ಆಗ್ದೇ ಇದ್ರೆ ಬಿಡೇ" ಎಂದಳು. "ಉಗಾದಿಗೆ ಬತ್ತೀನಲ್ಲ."

ಹೇಳುವಾಗ ಅವಳು ಮಗುವಿನ ತಲೆಯನ್ನು ನೋಡುತ್ತಿದ್ದಳು, ನನ್ನನ್ನಲ್ಲ. ನಾನು ವಿಳಾಸವನ್ನು ಮತ್ತೊಮ್ಮೆ ಓದಿ ಗುಂಡಿ ಒತ್ತಿದೆ.

"ಪರಿಶೀಲಿಸಲಾಗುತ್ತಿದೆ" ಎಂದು ಬಂತು. ಇಳಿಸಲಾಗುತ್ತಿದೆ ಎಂದಲ್ಲ, ಪರಿಶೀಲಿಸಲಾಗುತ್ತಿದೆ. ನಾನು ಕುರ್ಚಿಗೆ ಒರಗಿದೆ. ಕಿಟಕಿಗೆ ಕಟ್ಟಿದ್ದ ಫೋನಿನಿಂದ ಬೀಗದ ಕೈಯಷ್ಟು ಮಾತ್ರ ಬಂತು, ಆಮೇಲೆ ಪೆಟ್ಟಿಗೆ ತನ್ನಷ್ಟಕ್ಕೆ ಬಿಚ್ಚಿಕೊಳ್ಳತೊಡಗಿತು. ಹಾಗೆ ಬಿಚ್ಚಿಕೊಳ್ಳಲು ಆಟದಷ್ಟೇ ಇನ್ನೊಂದಷ್ಟು ಜಾಗ ಖಾಲಿ ಇರಬೇಕು. ಅದು ನನಗೆ ಮೊದಲೇ ಗೊತ್ತಿತ್ತು. ನನ್ನ ಎಂ.ಎ. ಕಾಲದ ಪಾಠದ ವಿಡಿಯೊಗಳನ್ನೆಲ್ಲ ಹಿಂದಿನ ವಾರವೇ ಬೇರೆ ಹಾರ್ಡ್ ಡಿಸ್ಕಿಗೆ ಸಾಗಿಸಿ ಜಾಗ ಮಾಡಿಟ್ಟಿದ್ದೆ. ಇದನ್ನು ಮನೆಯಲ್ಲಿ ಯಾರಿಗೂ ಹೇಳಿರಲಿಲ್ಲ. ಇಲ್ಲಿ ಬರೆಯಬೇಕೆನಿಸಿತು.

ದೀಪ ಹಚ್ಚುವ ಹೊತ್ತಿಗೆ ಆಟ ತೆರೆಯಿತು. ಅದೇ ಬೆಟ್ಟದ ತುದಿ, ಅದೇ ಬಾಗಿಲು. ಅಮ್ಮ ಮಗುವನ್ನು ಎತ್ತಿಕೊಂಡಳು. ಅಕ್ಕ ಆಟದ ಗುಂಡಿಗಳಿದ್ದ ತನ್ನ ಕಂಟ್ರೋಲರನ್ನು ಸೆರಗಿನಿಂದ ಒರೆಸಿ ಹಿಡಿದಳು. ಬಾಗಿಲು ತಳ್ಳಿದೆವು. ಆಚೆ ಒಂದು ದೊಡ್ಡ ಕೆರೆ ಇತ್ತು. ಅಕ್ಕನ ಊಹೆಗಳಲ್ಲಿ ಅದೊಂದು ಇರಲಿಲ್ಲ.

ಅವಳ ಹೆಬ್ಬೆರಳು ಏನನ್ನೂ ಮರೆತಿರಲಿಲ್ಲ. ನಾನು ಎರಡು ಸಲ ಜಾರಿದೆ, ಎರಡೂ ಸಲ ಅವಳು ಹಗ್ಗ ಬಿಗಿಹಿಡಿದಳು. ಹಿಂದೆ ಬೂಸಾ ಮೂಟೆಯ ಮೇಲೆ ಕೂತಿದ್ದ ಅಪ್ಪ ಹಾಲು ಕರೆಯುವುದನ್ನೇ ಮರೆತು ಕೂಗುತ್ತಿದ್ದ: "ಅಗ್ಗ ಬಿಡ್ಬ್ಯಾಡ ಕಣಮ್ಮಾ! ಅಗ್ಗ!"

"ನೀನು ಎಮ್ಮೆ ಅಗ್ಗ ಬಿಟ್ಟು ಬಂದಿದ್ದೀಯ, ಮೊದ್ಲು ಅದ್ನ ನೋಡೋಗು" ಎಂದಳು ಅಮ್ಮ. ಅವಳೂ ಎದ್ದು ಹೋಗಲಿಲ್ಲ.

ಪೂರ್ತಿ ಆಟ ಮುಗಿಯಲಿಲ್ಲ, ಮುಗಿಯುವಂಥದ್ದೂ ಅಲ್ಲ. ಕೆರೆ ದಾಟಿ ಆಚೆ ದಡದಲ್ಲಿ ನಿಂತಾಗ ಮಗು ಅತ್ತಿತು. ಅಕ್ಕ ಕಂಟ್ರೋಲರ್ ಕೆಳಗಿಟ್ಟು, "ಇಲ್ಲೇ ಇಕ್ಕಿರು. ನಾನಿಲ್ದೆ ಮುಂದಕ್ಕೆ ಓದ್ರೆ ಗೊತ್ತಲ್ಲ?" ಎಂದಳು.

ಮರುದಿನ ಬೆಳಿಗ್ಗೆ ಅಪ್ಪ ಡೈರಿಗೆ ಹಾಲು ಹಾಕಿ ಬಂದ ಕೂಡಲೇ ಕಂಪ್ಯೂಟರ್ ಮುಂದೆ ಕೂರಿಸಿ ಹೆಸರು ಬದಲಿಸುವುದನ್ನು ಕಲಿಸಿದೆ. ಒಂದೇ ಬೆರಳಿನಲ್ಲಿ ಅಕ್ಷರ ಹುಡುಕಿ ಹುಡುಕಿ ನ್ಯೂ ಫೋಲ್ಡರ್ ಮೂರಕ್ಕೆ "ದೊಡ್ಡಮಗಳು" ಎಂದು ಬರೆದ. ಆ ಫೋಲ್ಡರನ್ನು ಪೆನ್ ಡ್ರೈವಿಗೆ ಹಾಕಿದೆ. ನಾವು ಕೆರೆಯ ಆಚೆ ದಡದಲ್ಲಿ ನಿಂತಿದ್ದ ಗುರುತು ಇನ್ನೊಂದು ಕಡೆ, ಕೆಲವೇ ಕೆ.ಬಿ.ಯ ಫೈಲಾಗಿ ಉಳಿದಿತ್ತು. ಹುಡುಕಿ ಅದರದ್ದೂ ಒಂದು ಪ್ರತಿ ಜೊತೆಗೆ ಸೇರಿಸಿದೆ. ಅಮ್ಮ ಮಡಿಲು ತುಂಬುವಾಗ ಪೆನ್ ಡ್ರೈವನ್ನು ರವಿಕೆ ಕಣದ ಮೂಲೆಗೆ ಗಂಟು ಹಾಕಿ, ಕೊಬ್ಬರಿ ಬೆಲ್ಲದ ನಡುವೆ ಇಟ್ಟೆ.

"ಇದ್ಯಾವ ಶಾಸ್ತ್ರನೇ?" ಎಂದಳು ಅಮ್ಮ.

"ಅಪ್ಪಂದು" ಎಂದೆ.

ಆಟೋ ಹೊರಟ ಮೇಲೆ ಒಳಗೆ ಬಂದು, ಅಕ್ಕನ ಕಂಟ್ರೋಲರಿನ ಬ್ಯಾಟರಿ ತೆಗೆದು ಡಬ್ಬಿಯಲ್ಲಿಟ್ಟೆ. ಆಟದ ಫೋಲ್ಡರನ್ನು ಮುಟ್ಟಲಿಲ್ಲ.