ಹುಣಸೆ ಬೀಜ ಇಟ್ಟ ಜಾಗ

ಹಿರಿಯೂರಿನಲ್ಲಿ ಬಸ್ಸು ಹತ್ತಿದವರೊಬ್ಬರು ದಾಳಿಂಬೆಗೆ ಹೊಡೆಯುವ ಔಷಧಿಯ ಡಬ್ಬಿಯನ್ನು ನನ್ನ ಕಾಲ ಬಳಿ ಇಟ್ಟರು. ಮುಚ್ಚಳ ಬಿಗಿಯಾಗಿಯೇ ಇತ್ತು. ಆದರೂ ಆ ಘಾಟು ಮೂಗಿಗೆ ಬಡಿದದ್ದೇ ತಡ, ನಾನು ಸೀಟು ಬದಲಾಯಿಸಿದೆ, ಕಿಟಕಿ ತೆಗೆದೆ, ನಾಡಿ ಹಿಡಿದು ನೋಡಿಕೊಂಡೆ. ಹೆದರುವುದಕ್ಕೆ ಬಡ್ತಿ ಕೊಡುವಂತಿದ್ದರೆ ನಾನು ಇಷ್ಟೊತ್ತಿಗೆ ದೊಡ್ಡ ಅಧಿಕಾರಿಯಾಗಿರುತ್ತಿದ್ದೆ ಎನ್ನುತ್ತಾಳೆ ಹೆಂಡತಿ.

ಏಳೆಂಟು ವರ್ಷದ ಹಿಂದೆ ನನಗಿದ್ದ ಕೆಲಸವೇ ಬೇರೆ. ಆದಿವಾಲದ ಆಚೆಗೊಂದು ಹಳ್ಳಿಯಲ್ಲಿ ಸಣ್ಣ ರೈತರನ್ನೂ ಊರಿನ ಆಶಾ ಕಾರ್ಯಕರ್ತೆಯನ್ನೂ ಒಟ್ಟಿಗೆ ಕೂರಿಸಿ, ಬೇಸಾಯದಿಂದ ಮೈಗಾಗುವ ತೊಂದರೆಗೆ ಅವರೇ ದಾರಿ ಹುಡುಕುವಂತೆ ಮಾಡಬೇಕಿತ್ತು. ವಿಧಾನ ಸುಲಭ: ಒಬ್ಬರನ್ನು ನೆಲದ ಮೇಲೆ ಮಲಗಿಸಿ ಸುತ್ತ ರಂಗೋಲಿ ಪುಡಿಯಲ್ಲಿ ಗೆರೆ ಎಳೆಯುವುದು, ಅವರೆದ್ದ ಮೇಲೆ, ಔಷಧಿ ಹೊಡೆದ ದಿನ ಎಲ್ಲೆಲ್ಲಿ ನೋಯುತ್ತದೋ ಅಲ್ಲಿ ಎಲ್ಲರೂ ಹುಣಸೆ ಬೀಜ ಇಡುವುದು. ಮಲಗುವವರು ಯಾರು ಎಂಬುದನ್ನು ಮಾತ್ರ ತರಬೇತಿಯಲ್ಲಿ ಹೇಳಿರಲಿಲ್ಲ.

"ಹಂಗೆ ಮಲಗ್ಸಿ ಸುತ್ತ ನಿಂತ್ಕಳದು ಹೆಣಕ್ಕೆ ಕಣ್ರೀ ಸಾರ್," ಎಂದರು ಕುರಿ ಸಾಕುವ ಮನೆಯ ಸಿದ್ದಮ್ಮ. "ನೀವೇ ಮಲಿಕ್ಕಳ್ರಿ. ಸಂಬ್ಳ ತಗಳೋರು ನೀವು."

ಮಲಗಿದೆ. ಕಣ್ಣು ಮುಚ್ಚಿದರೆ ನಿಜಕ್ಕೂ ಹೋದೇನೆಂದು ಬಿಟ್ಟುಕೊಂಡೇ ಇದ್ದೆ.

ನಾನೆದ್ದ ಮೇಲೆ ಬೀಜಗಳು ಬಂದವು. ತಲೆಗೆ, ಕಣ್ಣಿಗೆ, ಅಂಗೈಗೆ. ಕೊನೆಗೆ ಬಂದವಳು ರತ್ನಮ್ಮ. ಗಂಡನ ದಾಳಿಂಬೆ ತೋಟಕ್ಕೆ ಡ್ರಮ್ಮಿನೊಳಗೆ ಬರಿಗೈಯಲ್ಲೇ ಔಷಧಿ ಕಲಸುತ್ತಿದ್ದವಳು. ಬಗ್ಗಿ ಹೊಕ್ಕುಳ ಕೆಳಗೆ ಎರಡು ಬೀಜ ಇಟ್ಟಳು. ತಡೆದು, ಪಕ್ಕದಲ್ಲಿ ಇನ್ನೊಂದು.

"ಎರಡು ನಿಲ್ಲಲಿಲ್ಲ," ಎಂದಳು. "ಇದಕ್ಕೀಗ ಮೂರು ತಿಂಗ್ಳು."

ಔಷಧಿಯಿಂದಲೇ ಹೋದವೆಂದು ಆಶಾ ಕಾರ್ಯಕರ್ತೆ ಹೇಳಲಾರಳು, ಅಲ್ಲವೆಂದೂ ಹೇಳಲಾರಳು. ನನ್ನ ಚಾರ್ಟಿನಲ್ಲಿ ಮುಂದಿನ ಹಂತ 'ಚರ್ಚೆ' ಎಂದಿತ್ತು. ಚಾರ್ಟನ್ನು ಸುತ್ತಿ ಕಂಕುಳಲ್ಲಿ ಇಟ್ಟುಕೊಂಡೆ.

ಸಿದ್ದಮ್ಮನೇ ಬಾಯಿ ಬಿಟ್ಟರು. "ಮುಯ್ಯಿ ಮಾಡಾಣ. ಔಷ್ದಿ ಹೊಡೆಯೋ ವಾರ ಇವಳು ನಮ್ಮ ರಾಗಿ ಹೊಲಕ್ಕೆ ಬರ್ಲಿ. ಇವಳ ಬದ್ಲು ನನ್ನ ಮಗ ಕಲಸ್ತಾನೆ. ಕೈಯಾಗಲ್ಲ, ಕೋಲಾಗೆ."

ಆಳಿಗೆ ಬದಲು ಆಳು ಕಳಿಸುವ ಹಳೆಯ ಪದ್ಧತಿ ಅದು. ಬಸುರಿಯ ಕಾವಲಿಗೆ ಅದನ್ನು ಹಚ್ಚಿದ್ದು ನಾನು ಕಂಡಂತೆ ಅದೇ ಮೊದಲು. ವರದಿಯಲ್ಲಿ ಬಣ್ಣಿಸಿ ಬರೆದು ಬೆನ್ನು ತಟ್ಟಿಸಿಕೊಂಡೆ. ಆಮೇಲೆ ನನ್ನನ್ನು ಹೊಸದುರ್ಗಕ್ಕೆ ಹಾಕಿದರು. ಹೆರಿಗೆಯ ತಿಂಗಳು ಬಂತು, ಹೋಯಿತು. ನಾನು ಫೋನು ಮಾಡಲಿಲ್ಲ. ಕೇಳಿದರೆ ತಾನೆ ಉತ್ತರ ಬರುವುದು? ಅಂದಿನಿಂದ ಬಸ್ಸು ಆದಿವಾಲ ದಾಟುವಾಗಲೆಲ್ಲ ನಿದ್ದೆ ನಟಿಸುತ್ತಿದ್ದೆ, ನೋಡಿ.

ಇವತ್ತು ಆ ಘಾಟಿನಲ್ಲಿ ನಿದ್ದೆ ನಟಿಸಲಾಗದೆ ಇಳಿದುಬಿಟ್ಟೆ. ಆಟೋ ಹಿಡಿದು ಹೋದರೆ, ಸಿದ್ದಮ್ಮ ಜಗಲಿಯಲ್ಲಿ ಶೇಂಗಾ ಬಿಡಿಸುತ್ತಿದ್ದರು. ಗುರುತು ಹಿಡಿದರು. ರತ್ನಮ್ಮನ ಹೆಸರೆತ್ತಲು ನಾನು ಮೂರು ಸಲ ಕೆಮ್ಮಬೇಕಾಯಿತು.

"ಹೆಣ್ಮಗ. ಇಸ್ಕೂಲಿಗೆ ಹೋಗ್ಯಾಳೆ," ಎಂದರು. "ಹೆರಿಗಿ ದಿನ ಆಸ್ಪತ್ರೆ ಬಾಗ್ಲಾಗೆ ಇಡೀ ಬೀದೀನೇ ಕುಂತಿತ್ತು. ನೀವೊಬ್ರು ಬರ್ಲಿಲ್ಲ."

"ಹೆದರಿಕೆ ಆಗಿತ್ತಮ್ಮ."

"ನಮಗೇನ್ ಧೈರ್ಯ ಇತ್ತಾ? ಬಂದು ನಮ್ ಜೊತಿ ಕುಂತು ಹೆದರ್ಬೇಕಿತ್ತು."

ರತ್ನಮ್ಮ ತೋಟದಿಂದ ಬರುವುದು ಸಂಜೆಗಂತೆ. ಅಷ್ಟರಲ್ಲಿ ಊರಿಗೆ ಮರಳುವ ಬಸ್ಸು ತಪ್ಪೀತು, ಮನೆಯಲ್ಲಿ ಏನೆಂದುಕೊಂಡಾರು ಎಂದೆಲ್ಲ ಎದೆ ಹೊಡೆದುಕೊಂಡಿತು. ಮೊರವನ್ನು ನನ್ನ ಕಡೆಗೂ ಸ್ವಲ್ಪ ಎಳೆದುಕೊಂಡು, ಶೇಂಗಾ ಬಿಡಿಸುತ್ತ ಕುಳಿತೆ.