ಸೆಲ್ವಿ ಹೇಳಿ ಹೋದದ್ದು

ಮೊನ್ನೆ ಮಣಿಪಾಲದಲ್ಲಿ ಹಲ್ಲಿನ ಡಾಕ್ಟರರಿಗಾಗಿ ಕಾಯುತ್ತಿದ್ದೆ. ಗೋಡೆಯ ಟೀವಿಯಲ್ಲಿ ಹಳೆಯ ತಮಿಳು ಸಿನಿಮಾ. ದತ್ತು ಮಗಳೊಬ್ಬಳು ಹೆತ್ತವಳನ್ನು ಹುಡುಕಿಕೊಂಡು ಯುದ್ಧ ನಡೆಯುವ ಊರಿಗೆ ಹೋಗುವ ಕಥೆ. ನನಗೆ ಹಲ್ಲುನೋವು ಮರೆತೇ ಹೋಯಿತು. ನಂಬಿ, ಅದು ಸಣ್ಣ ನೋವೇನೂ ಆಗಿರಲಿಲ್ಲ.

ಆ ಸಿನಿಮಾವನ್ನು ನಾನು ಮೊದಲು ನೋಡಿದ್ದು ಕಾಪುವಿನಲ್ಲಿ, ವನಜ ಚಿಕ್ಕಮ್ಮನ ಮನೆಯಲ್ಲಿ. ಅದಕ್ಕೂ ಎಷ್ಟೋ ವರ್ಷ ಮೊದಲು ಚಿಕ್ಕಪ್ಪ ಕುವೈತಿನ ಹೋಟೆಲೊಂದರಲ್ಲಿ ಅಡುಗೆಗಿದ್ದರು, ಚಿಕ್ಕಮ್ಮನೂ ಅಲ್ಲೇ ಇದ್ದರು. ಅಲ್ಲಿ ಯುದ್ಧ ಶುರುವಾದಾಗ ಗಂಡ ಹೆಂಡತಿ ಬಸ್ಸಿನಲ್ಲಿ ಮರುಭೂಮಿ ದಾಟಿ, ಜೋರ್ಡಾನಿನ ಡೇರೆಯಲ್ಲಿ ವಿಮಾನಕ್ಕೆ ಕಾದರು. ಪಕ್ಕದ ಡೇರೆಯಲ್ಲಿ ಸೆಲ್ವಿ ಎಂಬ ತಮಿಳು ಹೆಂಗಸು. ಗಂಡನ ಸುದ್ದಿಯಿಲ್ಲ, ಮಡಿಲಲ್ಲಿ ಹಸುಗೂಸು. ಅವಳಿಗೆ ಜ್ವರ ಏರಿ ಆಸ್ಪತ್ರೆಯ ಗಾಡಿ ಬಂದಾಗ, ಕೂಸನ್ನು ಚಿಕ್ಕಮ್ಮನ ಕೈಗಿಟ್ಟು ತಮಿಳಿನಲ್ಲಿ ಏನೋ ಹೇಳಿ ಹೋದಳು. ಮತ್ತೆ ಕಾಣಲಿಲ್ಲ. ಯಾವ ಆಸ್ಪತ್ರೆ ಎಂದು ಹೇಳುವವರೂ ಇರಲಿಲ್ಲ. ಇವರ ಸರದಿ ಬಂತು. ಕೂಸೂ ಇವರ ಜೊತೆ ವಿಮಾನ ಹತ್ತಿ, ಮಕ್ಕಳಿಲ್ಲದ ಆ ಮನೆಗೆ ಬಂತು. ಅವಳೇ ಶೈಲಾ.

ಚಿಕ್ಕಮ್ಮ ಇದನ್ನು ಮಗಳಿಂದ ಮುಚ್ಚಿಡಲಿಲ್ಲ. “ನಿನ್ನನ್ನು ಹೆತ್ತವಳು ನನಗೆ ಕೊಟ್ಟಳು” ಎನ್ನುತ್ತಿದ್ದರು.

ಶೈಲಾ ಪಿಯುಸಿಯಲ್ಲಿದ್ದಾಗ ಅವಳು, ಚಿಕ್ಕಮ್ಮ, ನಾನು ಮೂವರೂ ಆ ಸಿನಿಮಾ ನೋಡುತ್ತಿದ್ದೆವು. ತೆರೆಯ ಮೇಲೆ ಯಾರೋ ಹೊರಟು ನಿಂತು ಏನೋ ಅಂದರು. ಚಿಕ್ಕಮ್ಮ ಥಟ್ಟನೆ ನನ್ನ ಕಡೆ ತಿರುಗಿದರು. “ಈಗ ಹೇಳಿದ್ದು ಎಂತ?”

ಕೆಳಗಿನ ಇಂಗ್ಲಿಷ್ ಸಾಲು ಓದಿಕೊಂಡು ನಾನು ತಮಿಳು ಪಂಡಿತನಂತೆ ಹೇಳಿದೆ: “ವಾಪಸು ಬರ್ತೇನೆ ಅಂತ.”

ಚಿಕ್ಕಮ್ಮ ಎದ್ದು ಟೀವಿ ಆರಿಸಿದರು. “ಸೆಲ್ವಿ ಹೇಳಿದ್ದೂ ಅದನ್ನೇ. ಅದೇ ಶಬ್ದ.” ಟೀವಿ ಆರಿಸಿದರು. “ಅವಳು ಕೊಟ್ಟದ್ದಲ್ಲ ಮಗಾ, ನೋಡಿಕೊಳ್ಳಲಿಕ್ಕೆ ಬಿಟ್ಟು ಹೋದದ್ದು. ನನಗೆ ಆಗಲೇ ಗೊತ್ತಿತ್ತೋ ಏನೋ. ನೀನು ಹೆಗಲಿಗೆ ಅಂಟಿಕೊಂಡು ಮಲಗಿದ್ದೆ. ನಾನು ಯಾರ ಹತ್ತಿರವೂ ಅದರ ಅರ್ಥ ಕೇಳಲಿಲ್ಲ.”

ಶೈಲಾ ಸಿಟ್ಟಾಗುತ್ತಾಳೆಂದು ನಾನು ಹೆದರಿದ್ದೆ. ಅವಳು, “ಅಂದರೆ ಬೇಡ ಅಂತ ಕೊಟ್ಟದ್ದಲ್ಲ, ಅಲ್ವಾ ಅಮ್ಮ?” ಎಂದಳು. ಆಮೇಲೆ ಚಿಕ್ಕಮ್ಮನ ಮಡಿಲಲ್ಲಿ ತಲೆಯಿಟ್ಟು ಬಿಕ್ಕಿ ಬಿಕ್ಕಿ ಅತ್ತಳು. ಅಷ್ಟು ವರ್ಷ ಆ ಹುಡುಗಿ ಮನಸ್ಸಿನಲ್ಲಿ ಎಂಥದನ್ನು ಇಟ್ಟುಕೊಂಡಿದ್ದಳೆಂದು ನಮಗೆ ಯಾರಿಗೂ ತಿಳಿದಿರಲಿಲ್ಲ.

ಗಲ್ಫಿನಲ್ಲಿದ್ದವರ ಹತ್ತಿರವೆಲ್ಲ ವಿಚಾರಿಸಿದೆವು. ಸೆಲ್ವಿಯ ಸುದ್ದಿ ಸಿಗಲಿಲ್ಲ. ಶೈಲಾ ಈಗ ಕಾರ್ಕಳದಲ್ಲಿ ಟೀಚರ್.

ಮೊನ್ನೆ ಹಲ್ಲು ತೋರಿಸದೆ ಸೀದಾ ಕಾಪುವಿನ ಬಸ್ಸು ಹತ್ತಿದೆ. ಚಿಕ್ಕಮ್ಮ ಮೀನು ಸಾರಿಗೆ ಕಾಯಿ ತುರಿಯುತ್ತಿದ್ದರು. ಇಷ್ಟು ವರ್ಷ ಕೇಳದೆ ಉಳಿದದ್ದನ್ನು ಕೇಳಿಯೇ ಬಿಟ್ಟೆ: “ಈಗ ಸೆಲ್ವಿ ಬಂದರೆ?”

“ಬರಲಿ. ಶೈಲಾ ಇಬ್ಬರನ್ನೂ ಅಮ್ಮ ಅಂತ ಕರೀಲಿ. ನನಗೆ ಎಂತ ಬೇಜಾರೂ ಇಲ್ಲ.”

ಒಂದು ಹೋಳು ತುರಿದು ಮುಗಿಯಿತು. ಇನ್ನೊಂದನ್ನು ಕೈಗೆತ್ತಿಕೊಂಡು ಹಾಗೆಯೇ ಕೂತರು.

“ಬೇಜಾರು ಉಂಟು ಮಾರಾಯ. ಆದರೂ ಬರಲಿ.”