ಲುಯೆನ್ ಅಜ್ಜಿಯ ಹಲಸಿನ ಪೆಟ್ಟಿಗೆ

ಎರಡು ಹಂದಿ ಮಾರಿ, ಅರುವತ್ತನೇ ವಯಸ್ಸಿಗೇ ಲುಯೆನ್ ಅಜ್ಜಿ ತನ್ನ ಶವಪೆಟ್ಟಿಗೆ ಮಾಡಿಸಿಟ್ಟುಕೊಂಡಿದ್ದಳು. ಅಪ್ಪಟ ಹಲಸಿನ ಮರ! ಅವಳ ಕಡಲತೀರದ ಊರು ಡೊಂಗ್ ಹಾಯ್‌ನಲ್ಲಿ ಹಾಗೆ ಮೊದಲೇ ಮಾಡಿಸಿದವರಿಗೆ ಆಯುಸ್ಸು ಹೆಚ್ಚಂತೆ. ಹೆಚ್ಚಿತೂ ಅನ್ನಿ. ಹನ್ನೊಂದು ವರ್ಷದಿಂದ ಅದರಲ್ಲಿ ಅಕ್ಕಿ ತುಂಬಿಡುತ್ತಿದ್ದಳು.

ಸಮುದ್ರದಿಂದ ಅಮೆರಿಕದ ಹಡಗುಗಳು ಗುಂಡು ಹಾರಿಸಿದಾಗಲೆಲ್ಲ ಊರು ಕಂದಕಕ್ಕೆ ಓಡುತ್ತಿತ್ತು. ಊರಿಗೆಲ್ಲ ಒಂದು ದಾರಿಯಾದರೆ ಎಡವಟ್ಟನಿಗೇ ಒಂದು ದಾರಿ. ಅಜ್ಜಿ ಅಕ್ಕಿ ಸರಿಸಿ, ಎಲೆಅಡಿಕೆ ಚೀಲದೊಂದಿಗೆ ಪೆಟ್ಟಿಗೆಯೊಳಗೆ ಮಲಗುತ್ತಿದ್ದಳು.

"ಗುಂಡು ಬಿದ್ರೆ ನಿಮಗೆ ಹೊರೋ ಕೆಲಸ ಅಷ್ಟೇ!" ಎನ್ನುವಳು.

ಕೇರಿಯ ಮುಖಂಡ ಟ್ರಾಕ್ ಒಂದು ಬೆಳಿಗ್ಗೆ ಬಂದ.

"ಅಜ್ಜೀ, ಶಿಶುವಿಹಾರದ ಕಂದಕದ ಚಾವಣಿ ಬರೀ ಬಿದಿರು. ಹಲಗೆ ಬೇಕು."

"ನಿನ್ನ ಬಾಗಿಲು ಕೀಳು."

"ಕಿತ್ತಾಯ್ತು. ನಾಯಿ ನಮ್ಮ ಜೊತೇನೇ ಮಲಗುತ್ತೆ."

"ಮಂಚ?"

"ಅದೂ ಹೋಯ್ತು. ಹೆಂಡತಿ ಮಾತು ಬಿಟ್ಟಿದಾಳೆ."

"ಪುಣ್ಯವಂತ! ನನ್ನ ಪೆಟ್ಟಿಗೆ ಮುಟ್ಟಿದ್ರೆ ಜೋಕೆ!"

ಅಜ್ಜಿಯ ಗಂಡ ಹಿಂದೆ ಬಿರುಗಾಳಿಯಲ್ಲಿ ಸಮುದ್ರದ ಪಾಲಾಗಿದ್ದ. ಹೆಣ ಸಿಗಲಿಲ್ಲ, ಪೆಟ್ಟಿಗೆಯೂ ಇಲ್ಲ. ತಾನೂ ಹಾಗೆ ಗತಿಗೆಟ್ಟು ಹೋದರೆ ಎಂಬ ಭಯ ಅವಳನ್ನು ಒಳಗೊಳಗೇ ತಿನ್ನುತ್ತಿತ್ತು. ಅದನ್ನು ಟ್ರಾಕ್‌ಗೆ ಹೇಳುವ ಜಾಯಮಾನ ಅವಳದಲ್ಲ.

ಮರುದಿನ ಮಧ್ಯಾಹ್ನ ಗುಂಡಿನ ಸುರಿಮಳೆ. ಸದ್ದು ನಿಂತ ಮೇಲೆ ಅಜ್ಜಿ ಮುಚ್ಚಳ ಸರಿಸಿ ಎದ್ದಳು, ಅದರ ಮೇಲೆ ಉದುರಿದ್ದ ಗೋಡೆಯ ಸುಣ್ಣವೆಲ್ಲ ಮೈಮೇಲೆ. ಶಿಶುವಿಹಾರದ ಕಡೆ ಕೂಗು ಕೇಳಿ ಓಡಿದಳು. ಬಿದಿರು ಮುರಿದು ಕಂದಕದ ಒಂದು ತುದಿ ಕುಸಿದಿತ್ತು. ಮಕ್ಕಳನ್ನೆಲ್ಲ ಜೀವಂತ ಎಳೆದು ಹಾಕಿದ್ದರು. ತಲೆತುಂಬ ಮಣ್ಣು ತುಂಬಿದ್ದ ಒಂದು ಹುಡುಗಿ ಅಜ್ಜಿಯನ್ನು ನೋಡಿ ದೆವ್ವವೆಂದು ಕಿರುಚಿತು.

"ದೆವ್ವ ಅಲ್ವೇ, ಇನ್ನೂ ಬದುಕಿದೀನಿ!" ಎಂದಳು ಅಜ್ಜಿ. ಹೇಳುತ್ತಲೇ ಕಣ್ಣು ತುಂಬಿ ಬಂತು. ಸೀದಾ ಮನೆಗೆ ಹೋಗಿ ಅಕ್ಕಿಯನ್ನು ಚಾಪೆಗೆ ಸುರಿದು, ಸುತ್ತಿಗೆ ಹಿಡಿದಳು.

ಸಂಜೆಯೊಳಗೆ ಪೆಟ್ಟಿಗೆ ಕಂದಕದ ಚಾವಣಿಯಾಯಿತು. ಷರತ್ತು ಒಂದೇ: ಮುಚ್ಚಳದ ಹಲಗೆಯ ಕೆಳಗಿನ ಜಾಗ ಅವಳದು. ಅಂದಿನಿಂದ ಸೈರನ್ ಕೂಗಿದರೆ ಮಕ್ಕಳ ನಡುವೆ ನುಗ್ಗಿ, "ಸರೀರೋ, ಇದು ನನ್ನ ಮನೆ!" ಎಂದು ಗದರುವಳು.

"ಯುದ್ಧ ಮುಗಿದ್ಮೇಲೆ ಹಲಗೆ ವಾಪಸ್ ಕೊಡ್ತೀವಿ, ಅಜ್ಜಿ," ಎಂದ ಟ್ರಾಕ್ ಒಮ್ಮೆ ಕಂದಕದಲ್ಲಿ.

ಅಜ್ಜಿ ಕತ್ತಲಲ್ಲಿ ಪುಟ್ಟ ತಲೆಗಳನ್ನು ಒಂದೊಂದಾಗಿ ಮುಟ್ಟಿ ನೋಡಿದಳು.

"ಬೇಡ ಕಣೋ. ನನ್ನನ್ನ ಚಾಪೇಲೇ ಸುತ್ತಿ. ಹೊರೋಕೆ ಹೆಗಲು ಬೇಕು, ಅವು ಇಲ್ಲೇ ಬೆಳೀತಿವೆ. ಏಯ್, ನನ್ನ ಅಡಿಕೆ ಕದ್ದವರು ಯಾರ್ರೋ?"